ಸಂಯುಕ್ತಾಳ ಉಪವಾಸ

ಇವತ್ತಾದರೂ ತಿನ್ನುತ್ತಾಳೋ, ಇಲ್ಲಾ ಬಂದವರೆದುರು ಬರಿಗೈಯಲ್ಲಿ ಕೂತು ಮಾನ ಕಳೆಯುತ್ತಾಳೋ? ಮೇಜಿನ ಮೇಲೆ ನೀರಿನ ಲೋಟ ಜೋಡಿಸುತ್ತಾ ಪ್ರಮೋದ್ ಅದನ್ನೇ ಯೋಚಿಸುತ್ತಿದ್ದ. ಬುಧವಾರದಿಂದ ಅವನ ಹೆಂಡತಿ ಸಂಯುಕ್ತಾ ನೀರು, ಕರಿ ಕಾಫಿ ಬಿಟ್ಟು ಬೇರೇನನ್ನೂ ಮುಟ್ಟಿರಲಿಲ್ಲ. ಅಡುಗೆ ಮಾತ್ರ ಎಂದಿನಂತೆ ಮಾಡುತ್ತಿದ್ದಳು, ಬಡಿಸುತ್ತಿದ್ದಳು, ಅವನು ಉಂಡು ಮುಗಿಸುವವರೆಗೂ ಎದುರಿಗೆ ಕೂತಿರುತ್ತಿದ್ದಳು. ಜಗಳವಾಡಿದ್ದರೆ ಅವನಿಗೆ ಇಷ್ಟು ಕಷ್ಟವಾಗುತ್ತಿರಲಿಲ್ಲ.

ಅವಳು ಕೇಳಿದ್ದು ದೊಡ್ಡದೇನಲ್ಲ. ಕ್ಲೇಟನ್‌ನ ಯೂನಿವರ್ಸಿಟಿಯಲ್ಲಿ ಸ್ಕಾಲರ್‌ಶಿಪ್ ಸಮೇತ ಸೀಟು ಸಿಕ್ಕಿತ್ತು. ನೂರು ವರ್ಷದ ಹಿಂದೆ ಇಂಗ್ಲೆಂಡಿನಲ್ಲಿ ವೋಟಿನ ಹಕ್ಕಿಗಾಗಿ ಜೈಲು ಸೇರಿದ ಹೆಂಗಸರ ಮೇಲೆ ಸಂಶೋಧನೆ. ವಿಂಡಮ್ ವೇಲ್‌ನಿಂದ ಕ್ಲೇಟನ್ ಎಂದರೆ ಮೆಲ್ಬರ್ನಿನ ಈ ತುದಿಯಿಂದ ಆ ತುದಿ. ವಾರಕ್ಕೆರಡು ದಿನ ಪ್ರಮೋದ್ ಆಫೀಸಿನಿಂದ ಬೇಗ ಹೊರಟು ಮಗ ಅದ್ವಿಕ್‌ನನ್ನು ಸ್ಕೂಲಿನಿಂದ ಕರೆತಂದರೆ ಸಾಕಿತ್ತು. ‘ಮುಂದಿನ ವರ್ಷ ನೋಡೋಣ’ ಎಂದಿದ್ದ. ಮದುವೆಯಾದಾಗಿನಿಂದ ಅದನ್ನೇ ಹೇಳುತ್ತಾ ಬಂದಿದ್ದ.

‘ಲಂಡನ್ನಿನ ಜೈಲಲ್ಲಿ ಅವರು ಊಟ ಬಿಟ್ಟಿದ್ದು ಬಿಡುಗಡೆ ಮಾಡಿ ಅಂತ ಅಲ್ಲ ಪ್ರಮೋದ್,’ ಎಂದಿದ್ದಳು ಅವಳು ಬುಧವಾರ, ತಟ್ಟೆ ಪಕ್ಕಕ್ಕೆ ಸರಿಸಿ. ‘ನಮ್ಮನ್ನ ಕಳ್ಳರ ಜೊತೆ ಸೇರಿಸ್ಬೇಡಿ, ಹೋರಾಟ ಮಾಡಿ ಬಂದೋರು ಅಂತ ಒಪ್ಕೊಳ್ಳಿ ಅಂತ. ಸರ್ಕಾರ ಮೂಗಿಗೆ ಟ್ಯೂಬ್ ತುರುಕಿ ಹಾಲು ಸುರಿಯೋಕೆ ತಯಾರಿತ್ತು, ಅದೊಂದು ಒಪ್ಪೋಕೆ ತಯಾರಿರಲಿಲ್ಲ.’

ಈಗ ಭಾನುವಾರ. ನಾಳೆ ತರಗತಿ ಶುರು. ಅದ್ವಿಕ್ ಗೆಳೆಯನ ಮನೆಗೆ ಆಡಲು ಹೋಗಿದ್ದ. ಊಟಕ್ಕೆ ಬಂದವರು ಸಿದ್ದಲಿಂಗಪ್ಪ ಅಂಕಲ್ ಮತ್ತು ಚಂದ್ರಪ್ರಭಾ ಆಂಟಿ. ಇಲ್ಲಿಗೆ ಬಂದ ಹೊಸದರಲ್ಲಿ ಈ ಗಂಡ ಹೆಂಡತಿಯನ್ನು ತಿಂಗಳುಗಟ್ಟಲೆ ಮನೆಯಲ್ಲಿಟ್ಟುಕೊಂಡವರು. ಬೆಳಿಗ್ಗೆ ಯಾರದೋ ಗೃಹಪ್ರವೇಶ ಮುಗಿಸಿ, ಸತ್ಯನಾರಾಯಣ ಪೂಜೆಯ ಪ್ರಸಾದವನ್ನು ಡಬ್ಬಿಯಲ್ಲಿ ಹಿಡಿದುಕೊಂಡೇ ಬಂದಿದ್ದರು. ಫ್ರಿಜ್ ಮೇಲೆ ಅಂಟಿಸಿದ್ದ ಫೋಟೋ ಆಂಟಿಯ ಕಣ್ಣಿಗೆ ಬಿತ್ತು.

‘ಇದ್ಯಾರೇ? ಪೊಲೀಸಿನೋನು ಸೊಂಟ ಹಿಡಿದು ಎತ್ಕೊಂಡು ಹೋಗ್ತಿದಾನೆ, ಕಾಲೇ ನೆಲಕ್ಕೆ ತಾಗ್ತಿಲ್ಲ!’

‘ಎಮ್ಮೆಲಿನ್ ಪ್ಯಾಂಕ್‌ಹರ್ಸ್ಟ್ ಅಂತ ಆಂಟಿ. ಹೆಂಗಸರಿಗೂ ವೋಟಿನ ಹಕ್ಕು ಕೊಡಿ ಅಂತ ಹೋರಾಡಿದೋರು. ಹೇಳಿದ ಹಾಗೆ ಕೇಳಲಿಲ್ಲ ಅಂತ ಸ್ವಂತ ಮಗಳು ಅಡೇಲಾನ ಇದೇ ಮೆಲ್ಬರ್ನಿಗೆ ಹಡಗು ಹತ್ತಿಸಿಬಿಟ್ರು.’

‘ಬಾಯಿ ಮುಚ್ಚಿಸೋಕೆ ಇಷ್ಟು ದೂರ ಕಳಿಸಿದ್ರಾ? ನಮ್ಮಪ್ಪ ನನಗೆ ಮದುವೆ ಮಾಡಿದ ಹಾಗೆ!’ ಆಂಟಿ ತಮ್ಮ ಮಾತಿಗೆ ತಾವೇ ನಕ್ಕು ಮೇಜಿಗೆ ಬಂದು ಕೂತರು. ‘ಅಯ್ಯೋ, ಮೂರೇ ತಟ್ಟೆ! ನಿಂದೆಲ್ಲಿ? ಮುಖ ನೋಡು ಹೇಗೆ ಬಾಡಿದೆ.’

ಸಂಯುಕ್ತಾ ಬಾಯಿ ತೆರೆಯುವುದರೊಳಗೆ ಪ್ರಮೋದ್ ಅಂದುಬಿಟ್ಟ, ‘ವ್ರತ ಆಂಟಿ.’

ಆ ಮಾತು ಎಲ್ಲಿಂದ ಬಂತೋ ಅವನಿಗೇ ತಿಳಿಯಲಿಲ್ಲ.

‘ವ್ರತ ಅಲ್ಲ,’ ಎಂದಳು ಸಂಯುಕ್ತಾ. ‘ಸ್ಟ್ರೈಕ್. ಇವರ ಮೇಲೆ.’

ಸಿದ್ದಲಿಂಗಪ್ಪ ಟ್ರಾಮ್ ಓಡಿಸಿ ನಿವೃತ್ತರಾದವರು. ಮನೆ ನಡುಗುವಂತೆ ನಕ್ಕರು. ‘ಮೊದಲೇ ಹೇಳೋದಲ್ವೇನಮ್ಮಾ! ನಮ್ಮ ಯೂನಿಯನ್ನಿಗೆ ಹೇಳಿ ಶಾಮಿಯಾನ ಹಾಕಿಸ್ತಿದ್ದೆ.’

‘ಸುಮ್ನಿರ್ರೀ,’ ಎಂದರು ಆಂಟಿ. ‘ವ್ರತ ಹಿಡಿದೋರು ಬಾಯಿಬಿಟ್ಟು ಹೇಳ್ಕೋಬಾರದು. ನಮ್ಮಮ್ಮನೂ ಹೀಗೇ, ಹಸಿವಿಲ್ಲ, ಹೊಟ್ಟೆನೋವು ಅಂತ ಏನಾದ್ರೂ ಒಂದು ನೆಪ ಹೇಳೋರು.’

‘ನಿಜ ಆಂಟಿ. ನಾಳೆಯಿಂದ ನಾನು ಕ್ಲೇಟನ್‌ಗೆ ಹೋಗ್ಬೇಕು, ಓದೋಕೆ. ಬೇಕಾದ್ರೆ ಇವರನ್ನೇ ಕೇಳಿ.’

ಅಂಕಲ್‌ರ ನಗು ಅರ್ಧಕ್ಕೆ ನಿಂತಿತು. ‘ಹೌದೇನಪ್ಪಾ ಪ್ರಮೋದ್?’

ಮೂವರೂ ಅವನತ್ತ ನೋಡಿದರು. ಹೌದು ಎಂದರೆ ಎಲ್ಲ ಮುಗಿಯುತ್ತದೆಂದು ಪ್ರಮೋದ್‌ಗೆ ಗೊತ್ತಿತ್ತು. ಅದಕ್ಕೇನಂತೆ, ಮಗೂನ ನಾವು ಕರ್ಕೊಂಡು ಬರ್ತೀವಿ ಬಿಡು ಎಂದು ಈ ಆಂಟಿಯೇ ಅಂದಾರು ಎಂಬುದೂ ಗೊತ್ತಿತ್ತು. ಅವನು ತಟ್ಟೆಯಲ್ಲಿದ್ದ ಚಪಾತಿಯನ್ನು ನೋಡುತ್ತಾ ನಕ್ಕ. ‘ಇವಳ ತಮಾಷೆ ನಿಮಗೆ ಗೊತ್ತಿಲ್ವಾ ಅಂಕಲ್.’

ನಗು ಮತ್ತೆ ಶುರುವಾಯಿತು. ಆಂಟಿ ಡಬ್ಬಿಯ ಮುಚ್ಚಳ ತೆಗೆದರು. ‘ಉಪವಾಸ ಸಾಕು, ದೇವರ ಪ್ರಸಾದದಲ್ಲೇ ಮುಗಿಸು. ಆ... ಅನ್ನು.’ ಸಂಯುಕ್ತಾ ತುಟಿ ಬಿಗಿದು ಮುಖ ತಿರುಗಿಸಿದಳು. ಆಂಟಿ ಎಡಗೈಯಲ್ಲಿ ಅವಳ ಗಲ್ಲ ಹಿಡಿದರು. ‘ಎಷ್ಟು ಹಟ ನೋಡಿ! ಪ್ರಮೋದ್, ಸ್ವಲ್ಪ ಹಿಡ್ಕೊಳ್ಳಪ್ಪಾ ನಿನ್ನ ಹೆಂಡ್ತೀನ.’

ಪ್ರಮೋದ್ ಎದ್ದು ಹೋಗಿ, ನಗುತ್ತಲೇ, ಅವಳ ಭುಜಗಳ ಮೇಲೆ ಎರಡೂ ಕೈ ಇಟ್ಟ. ಮೂಳೆ ಅಂಗೈಗೆ ತಾಕಿತು. ಅವಳು ಒಮ್ಮೆ ಕೊಸರಿಕೊಂಡಳು, ಆಮೇಲೆ ಕೊಸರಲಿಲ್ಲ. ಚಮಚ ಹಲ್ಲಿಗೆ ತಾಗಿ ಸದ್ದಾಯಿತು. ತುಪ್ಪ ಜಿನುಗುವ ಸಜ್ಜಿಗೆ ಒಳಗೆ ಹೋಯಿತು, ಸ್ವಲ್ಪ ತುಟಿಯಂಚಿನಿಂದ ಇಳಿದು ಕತ್ತಿಗೆ ಹರಿಯಿತು. ಅಂಕಲ್ ಚಪ್ಪಾಳೆ ತಟ್ಟಿದರು.

ಸಂಯುಕ್ತಾ ನುಂಗಿದಳು. ಸೆರಗಿನಿಂದ ಕತ್ತು ಒರೆಸಿಕೊಂಡು, ಒಳಗಿಂದ ಒಂದು ತಟ್ಟೆ ತಂದು ಹಾಕಿಕೊಂಡು, ಎಲ್ಲರ ಜೊತೆ ಊಟಕ್ಕೆ ಕೂತಳು. ಎಣ್ಣೆಗಾಯಿಗೆ ಉಪ್ಪು ಸ್ವಲ್ಪ ಮುಂದಾಗಿದೆ ಎಂದಳು. ಮರುದಿನ ಅವಳು ಕ್ಲೇಟನ್‌ಗೆ ಹೋಗಲಿಲ್ಲ. ಸಂಜೆ ಪ್ರಮೋದ್ ಮನೆಗೆ ಬಂದಾಗ ಅದ್ವಿಕ್‌ನ ಯೂನಿಫಾರ್ಮ್ ಇಸ್ತ್ರಿ ಮಾಡುತ್ತಿದ್ದಳು.

ಯುಗಾದಿಯ ದಿನ ಕನ್ನಡ ಸಂಘದಲ್ಲಿ ಆಂಟಿ ನಾಲ್ಕು ಜನರೆದುರು ಅವನನ್ನು ನಿಲ್ಲಿಸಿ ಕೇಳಿದರು, ‘ಗಂಡನಿಗೆ ಒಳ್ಳೇದಾಗ್ಲಿ ಅಂತ ಎಂಥಾ ಕಠಿಣ ವ್ರತ ಮಾಡಿದ್ಲು ಗೊತ್ತಾ ನಮ್ಮ ಹುಡುಗಿ? ಫಲ ಸಿಕ್ತೇನಪ್ಪಾ?’

‘ಸಿಕ್ತು ಆಂಟಿ,’ ಎಂದ ಪ್ರಮೋದ್.

ಅವಳು ಊಟ ಬಿಟ್ಟದ್ದು ತನ್ನ ವಿರುದ್ಧ ಎಂದು ಅವನು ಯಾರಿಗೂ ಹೇಳಲಿಲ್ಲ.