ಒಡೆದ ಹಾಲು, ಒಡೆಯದ ಮನೆ

ಅಂದು ಬೆಳಗ್ಗೆ ಕಾಮಾಕ್ಷಮ್ಮನವರು ದೇವರಿಗೆ ದೀಪ ಹಚ್ಚಿ, ಕೈಮುಗಿದು ಇನ್ನೂ ಎದ್ದಿರಲಿಲ್ಲ... ಹಾಲ್‌ನಲ್ಲಿ ಫೋನ್ ರಿಂಗಾಯಿತು.

ಸೊಸೆ ಭಾರ್ಗವಿ ತೆಗೆದುಕೊಂಡಳು. "ಹೌದು, ಅವರ ಮನೆಯೇ..." ಎಂದಳು. ಆಮೇಲೆ ಫೋನನ್ನು ಮೆಲ್ಲಗೆ ಕೆಳಗಿಟ್ಟಳು.

ನೆಂಟರ ಮದುವೆಗೆಂದು ತಿಪಟೂರಿಗೆ ಹೊರಟಿದ್ದ ಮಗ ಚಂದ್ರಮೌಳಿ, ಬಸ್ಸಿನ ಕಿಟಕಿಗೆ ತಲೆಯಾನಿಸಿ ನಿದ್ದೆ ಹೋದವನು ಮತ್ತೆ ಏಳಲೇ ಇಲ್ಲ.

ದಿನಗಳು ಹೇಗೆ ಕಳೆದವೋ ಆ ಭಗವಂತನಿಗೇ ಗೊತ್ತು. ಕರ್ಮಗಳೆಲ್ಲ ಮುಗಿದು ಶುಭಸ್ವೀಕಾರದ ದಿನ ಬಂತು. ಸೂತಕ ಕಳೆದ ಮನೆಯವರು ದೇವರಿಗೆ ನೈವೇದ್ಯ ಮಾಡಿ, ಮತ್ತೆ ಸಿಹಿ ಬಾಯಿಗಿಡುವ ದಿನ.

ಊಟದ ಅಡುಗೆಗೆ ಭಟ್ಟರು ಬಂದಿದ್ದರು. ಆದರೆ ನೈವೇದ್ಯದ ಅಕ್ಕಿ ಪಾಯಸ ಮಾತ್ರ ಆ ಮನೆಯಲ್ಲಿ ಯಾವತ್ತೂ ಮನೆಯ ಹೆಣ್ಣುಮಕ್ಕಳದೇ ಕೈಯಡುಗೆ.

"ಅತ್ತಿಗೆ, ಒಂದು ಮಾತು," ಎಂದರು ನಾದಿನಿ ಪಂಕಜಮ್ಮ, ತಗ್ಗಿದ ದನಿಯಲ್ಲಿ. "ಭಾರ್ಗವಿ ನೈವೇದ್ಯದ ಒಲೆ ಹತ್ರ ಬರೋದು ಬೇಡ. ಇವತ್ತೊಂದೇ ದಿನ ಅಂತಲ್ಲ... ಇನ್ನು ಮುಂದೇನೂ ಬೇಡ. ಕುಂಕುಮ ಅಳಿಸಿದ ಕೈ. ನಾಲ್ಕು ಜನ ಏನಂತಾರೆ?"

ಕಾಮಾಕ್ಷಮ್ಮ ತಲೆ ತಗ್ಗಿಸಿ ಅಕ್ಕಿ ಅಳೆದರು. ಪಂಕಜಮ್ಮ ಬಾಳೆಲೆ ತರಲು ಹಿತ್ತಲಿಗೆ ಹೋದರು.

ಕಾಮಾಕ್ಷಮ್ಮ ಸಣ್ಣಕ್ಕಿಯನ್ನು ತೊಳೆದು, ತುಪ್ಪದಲ್ಲಿ ಘಮ್ಮೆನ್ನುವವರೆಗೆ ಹುರಿದು, ಹಾಲಿಗೆ ಹಾಕಿದರು. ಉರಿ ಸಣ್ಣಗೆ. ಹಾಲು ಬತ್ತುತ್ತಾ ಕೆನೆಗಟ್ಟಿದಂತೆಲ್ಲ ಅಂಚಿನ ಕೆನೆಯನ್ನು ಕೆರೆದು ಮತ್ತೆ ಹಾಲಿಗೇ ಸೇರಿಸಬೇಕು. ಕೈ ಬಿಡುವಂತಿಲ್ಲ...

ಆದರೆ ಕೈಯಲ್ಲಿ ಶಕ್ತಿಯೇ ಇರಲಿಲ್ಲ.

"ಕೊಡಿ ಅತ್ತೆ, ನಾನು ತಿರುವ್ತೀನಿ." ಭಾರ್ಗವಿ ಬಾಗಿಲಲ್ಲಿ ನಿಂತಿದ್ದಳು. "ಅವರಿಗೆ ತಳ ಹಿಡಿದ್ರೆ ಆಗ್ತಿರಲಿಲ್ಲ."

ಕಾಮಾಕ್ಷಮ್ಮ ಸೌಟು ಕೊಟ್ಟುಬಿಟ್ಟರು.

ಅನ್ನ ಅರಳಿ ಹಾಲಿನಲ್ಲಿ ಕರಗುವಂತಾಯಿತು. ಪಾತ್ರೆಯನ್ನು ಇಳಿಸಿ, ಬಿಸಿ ಆರಿದ ಮೇಲೆ ಬೆಲ್ಲದ ಪಾಕ ಹಾಕಬೇಕು... ಮದುವೆಯಾಗಿ ಬಂದಂದಿನಿಂದ ಕಾಮಾಕ್ಷಮ್ಮ ಮಾಡಿಕೊಂಡು ಬಂದದ್ದೇ ಹಾಗೆ.

ಅಷ್ಟರಲ್ಲಿ ಹೊರಗೆ ಯಾರೋ, "ಅಮ್ಮಾ, ಆಯ್ತಾ?" ಎಂದರು.

ಥೇಟು ಮಗನದೇ ದನಿ... ಹಸಿದಾಗ ಅವನು ಹೀಗೇ ಕೂಗುತ್ತಿದ್ದ.

"ಬಂದೆ ಕಣೋ!" ಎಂದವರೇ ಕಾಮಾಕ್ಷಮ್ಮ, ಕುದಿಯುವ ಹಾಲಿಗೆ ಬೆಲ್ಲವನ್ನು ಸುರಿದುಬಿಟ್ಟರು.

ಕೂಗಿದ್ದು ಭಟ್ಟರ ಕಡೆಯ ಹುಡುಗ. ಕಣ್ಣೆದುರಿಗೇ ಹಾಲು ಒಡೆಯಿತು.

ಬಾಳೆಲೆ ಹಿಡಿದು ಒಳಗೆ ಬಂದ ಪಂಕಜಮ್ಮನಿಗೆ ಕಂಡಿದ್ದು ಎರಡೇ... ಒಡೆದ ಹಾಲು, ಸೊಸೆಯ ಕೈಯಲ್ಲಿದ್ದ ಸೌಟು.

"ಅಯ್ಯೋ! ನಾನು ಬಡ್ಕೊಂಡೆ... ನೋಡಿ ಅತ್ತಿಗೆ, ದೇವರೇ ಬೇಡ ಅಂದ! ಇದಕ್ಕಿಂತ ಅಪಶಕುನ ಇನ್ನೇನು ಬೇಕು?"

ಭಾರ್ಗವಿ ಅತ್ತೆಯ ಮುಖ ನೋಡಿದಳು. ಅದು ಬಿಳಿಚಿ ಹೋಗಿತ್ತು.

"ತಪ್ಪಾಯ್ತು ಪಂಕಜತ್ತೆ," ಎಂದಳು ಮೆಲ್ಲಗೆ. "ಅವಸರದಲ್ಲಿ ನಾನೇ ಬೆಲ್ಲ ಹಾಕ್ಬಿಟ್ಟೆ."

ಸೌಟನ್ನು ಕೆಳಗಿಟ್ಟು, ಒಲೆಯಿಂದ ದೂರ ಸರಿದು ನಿಂತಳು.

ಕಾಮಾಕ್ಷಮ್ಮ ಆ ಸೌಟನ್ನೇ ನೋಡಿದರು. ತಾನೀಗ ಸುಮ್ಮನಿದ್ದರೆ ತನ್ನ ಮರ್ಯಾದೆ ಉಳಿಯುತ್ತದೆ... ಆದರೆ ಈ ಹುಡುಗಿ ಈ ಮನೆಯ ದೇವರಿಗೆ ಇನ್ನೆಂದೂ ಒಂದು ಹಿಡಿ ಅಕ್ಕಿ ಬೇಯಿಸುವ ಹಾಗಿಲ್ಲ.

"ಅವಳು ಸುಳ್ಳು ಹೇಳ್ತಿದಾಳೆ, ಪಂಕಜ. ಬೆಲ್ಲ ಹಾಕಿದ್ದು ನಾನು."

"ನೀವಾ? ಇಷ್ಟು ವರ್ಷ ಪಾಯಸ ಮಾಡಿದ ಕೈ..."

"ಮಗನನ್ನ ಕಳಕೊಂಡ ಕೈ ಕಣೇ ಇದು. ನನ್ನ ಕೈ ತಪ್ಪಿದ್ರೆ ದುಃಖ, ಅವಳ ಕೈ ತಪ್ಪಿದ್ರೆ ಅಪಶಕುನವಾ?"

ಪಂಕಜಮ್ಮ ಬಾಳೆಲೆಯನ್ನು ಕಟ್ಟೆಯ ಮೇಲಿಟ್ಟರು.

"ನನಗೆ ಹೋಗಿದ್ದು ಮಗ. ಅವಳಿಗೆ ಹೋಗಿದ್ದು ಏನು ಅಂತ ಒಂದು ಸಲ ಯೋಚನೆ ಮಾಡು. ಅಷ್ಟಾದ್ರೂ ನನ್ನ ತಪ್ಪನ್ನ ತನ್ನ ಮೇಲೆ ಎಳ್ಕೊಂಡಳಲ್ಲ... ಇಂಥವಳು ಮುಟ್ಟಿದ್ದು ದೇವರಿಗೆ ಬೇಡವಾದ್ರೆ, ನಾನು ಮುಟ್ಟಿದ್ದೂ ಬೇಡ."

ಕಾಮಾಕ್ಷಮ್ಮ ಬೇರೆ ಪಾತ್ರೆ ತೊಳೆದು ಸೊಸೆಯ ಮುಂದಿಟ್ಟರು. "ತಗೋಮ್ಮ. ಮೊದಲಿಂದ ಮಾಡು. ನಾನು ಕೈ ಹಾಕಲ್ಲ."

"ಅತ್ತೆ..." ಎಂದವಳೇ ಭಾರ್ಗವಿ ಅವರ ಹೆಗಲಿಗೊರಗಿ ಬಿಕ್ಕಿದಳು. ಫೋನ್ ಬಂದ ದಿನದಿಂದ ಅತ್ತಿರದ ಹುಡುಗಿ ಈಗ ಅತ್ತಳು. ಕಾಮಾಕ್ಷಮ್ಮ ಬೆನ್ನು ಸವರುತ್ತಾ ನಿಂತರು.

ಮತ್ತೆ ಹಾಲು ಕಾಯಿತು. ಭಾರ್ಗವಿ ಒಬ್ಬಳೇ ನಿಂತು ತಿರುವಿದಳು. ಪಾಯಸ ಇಳಿಸಿ, ಬಿಸಿ ಆರುವವರೆಗೆ ಕಾದು, ಬೆಲ್ಲದ ಪಾಕ ಬೆರೆಸಿದಳು.

ಅಷ್ಟರಲ್ಲಿ ಪಂಕಜಮ್ಮ ಕುಟ್ಟಾಣಿ ಎಳೆದುಕೊಂಡು ಕೂತರು. ಯಾರ ಮುಖವನ್ನೂ ನೋಡದೆ ಏಲಕ್ಕಿ, ಲವಂಗ ಕುಟ್ಟಿ, ಚೂರು ಜಾಯಿಕಾಯಿ ತೇಯ್ದು, ಭಾರ್ಗವಿಯ ಪಕ್ಕದಲ್ಲಿಟ್ಟರು.

ಪಾಯಸವನ್ನು ದೇವರ ಮುಂದೆ ತಂದಿಟ್ಟವಳು ಭಾರ್ಗವಿಯೇ. ಪುರೋಹಿತರು ಮಂತ್ರ ಹೇಳಿದರು, ಕಾಮಾಕ್ಷಮ್ಮನವರ ಯಜಮಾನರು ನೈವೇದ್ಯ ಮಾಡಿದರು. ಮಳೆ ಬರಲಿಲ್ಲ, ಗಂಟೆ ತಾನಾಗಿ ಮೊಳಗಲಿಲ್ಲ... ದೀಪ ಸುಮ್ಮನೆ ಉರಿಯುತ್ತಿತ್ತು.

ಊಟದ ಎಲೆಗೆ ಮೊದಲ ಪಾಯಸವನ್ನು ಕಾಮಾಕ್ಷಮ್ಮ ಸೊಸೆಗೇ ಬಡಿಸಿದರು. ಆಮೇಲೆ ತಾವೂ ಬಾಯಿಗಿಟ್ಟರು.

"ಸರಿಯಾಗಿದೆಯಾ ಅತ್ತೆ?"

"ಕೆನೆ ಚೆನ್ನಾಗಿ ಕೂಡಿದೆ... ಏಲಕ್ಕಿ ಒಂಚೂರು ಜಾಸ್ತಿ."

"ಕುಟ್ಟಿದ್ದು ನಾನು," ಎಂದರು ಪಂಕಜಮ್ಮ, ಕಣ್ಣೊರೆಸಿಕೊಳ್ಳುತ್ತಾ. "ಈಗ ಅದನ್ನೂ ಅಪಶಕುನ ಅಂದುಬಿಡಿ!"

ಆ ಮನೆಯಲ್ಲಿ ಎಷ್ಟೋ ದಿನಗಳ ಮೇಲೆ ಮೂವರೂ ನಕ್ಕರು... ಅಳುತ್ತಲೇ.

*

ದುಃಖದಲ್ಲಿರುವವರನ್ನು ದೂರವಿಡುವುದು ಮಡಿಯಲ್ಲ. ಹತ್ತಿರ ಕೂರಿಸಿಕೊಳ್ಳುವುದೇ ಮಡಿ.

ನಿಮ್ಮ ಮನೆಯ ಶುಭಕಾರ್ಯದಲ್ಲೂ ಯಾರಾದರೂ ಹೀಗೆ ಬಾಗಿಲ ಹಿಂದೆ ನಿಂತಿದ್ದಾರೆಯೇ? ಅವರನ್ನು ಒಳಗೆ ಕರೆದಿರಾ?

ಅಕಾಲದಲ್ಲಿ ನಮ್ಮನ್ನಗಲಿದ ಎಲ್ಲ ಮಕ್ಕಳ ಆತ್ಮಕ್ಕೂ ಭಗವಂತ ತನ್ನ ಪಾದದಲ್ಲಿ ತಂಪಾದ ನೆಲೆ ಕೊಡಲಿ... ಅವರಿಗೆ ಶಾಂತಿ ಸಿಗಲಿ. 🙏