ಸುರಿಯದ ಪಾಕ

ಬಾಗಿಲಲ್ಲಿ ಜೈಲಿನ ಫಾದರ್ ಟೋಪಿ ತೆಗೆದು ನಿಂತದ್ದನ್ನು ಕಂಡರೂ ಒಡೀಲ್ ಸೌಟು ನಿಲ್ಲಿಸಲಿಲ್ಲ. ಪಾತ್ರೆಯಲ್ಲಿ ಸಕ್ಕರೆ, ಬೆಣ್ಣೆ, ಪೆಕನ್ ಬೀಜದ ಪಾಕ ಹೊಳೆಯುತ್ತಿತ್ತು.

“ಒಡೀಲಮ್ಮ, ನಿಮ್ಮ ಮಗ ಆಲ್ಸೀದ್...”

“ತಾಳಿ ಫಾದರ್. ಪ್ರಲೀನ್ ಮಿಠಾಯಿ ಮಾಡೋಳನ್ನ ನಡುವೆ ಮಾತಾಡಿಸಬಾರದು ಅಂತ ನಿಮ್ಮವ್ವ ಹೇಳಿಕೊಡಲಿಲ್ವ?”

ಪಾಕ ಮಂಕಾಯಿತು. ಆ ಗಳಿಗೆಗೇ ಸುರಿದು ಬಿಲ್ಲೆ ಮಾಡಬೇಕು. ನ್ಯೂ ಆರ್ಲಿಯನ್ಸಿನ ಆ ಬೀದಿಯಲ್ಲಿ ಅದು ಹಸುಳೆಗೂ ಗೊತ್ತು.

“ಸುರಿಯೇ ಅವ್ವಾ! ಕೆಟ್ಟೋಗ್ತದೆ!” ಮಗಳು ಜೆನೀವಾ ಕಿರುಚಿದಳು.

ಒಡೀಲ್ ಸುರಿಯಲಿಲ್ಲ. ತಾನು ತಿರುವುತ್ತಿರುವಷ್ಟು ಹೊತ್ತು ಫಾದರ್ ಬಾಯಿ ಬಿಡಲಾರ. ಅಷ್ಟು ಹೊತ್ತು ಜೈಲಿನಲ್ಲಿರುವ ಮಗ ಬದುಕಿರುತ್ತಾನೆ. ಎರಡೂ ಕೈ ಹಾಕಿ ತಿರುವಿದಳು. ಪಾಕ ಗಟ್ಟಿಯಾಗಿ ಸೌಟನ್ನು ಕಚ್ಚಿ ಹಿಡಿಯಿತು. ಎಷ್ಟು ಎಳೆದರೂ ಅಲುಗಲಿಲ್ಲ.

“ಈಗ ಹೇಳಿ,” ಅಂದಳು, “ಹೇಗೆ ಕೊಂದ್ರಿ?”