ಮುಂದಿನ ಸಾಲಿನಲ್ಲಿರದ ಸಾಕ್ಷಿ

ಕ್ಯಾಮೆರಾ ನಿಲ್ಲಿಸುವಂತೆ ನಿರ್ದೇಶಕಿ ಕೈ ಮಾಡಿದಳು. ಎದುರು ಕುಳಿತಿದ್ದ ನಿವೃತ್ತ ಉಪನ್ಯಾಸಕರು ಆಗಷ್ಟೇ ತಮ್ಮನ್ನು ತಾವು ಮೆರವಣಿಗೆಯ ಮುಂದಿನ ಸಾಲಿನಲ್ಲಿ ನಿಲ್ಲಿಸಿಕೊಂಡಿದ್ದರು. ಬೆಳಿಗ್ಗೆ ಬಂದ ದರ್ಜಿಯೂ ಅಲ್ಲೇ ನಿಂತಿದ್ದ. ನಿನ್ನೆಯ ವಕೀಲರೂ ಅವರ ಭಾವಮೈದುನನೂ ಅಲ್ಲೇ. ಬಸ್ ದರ ಏರಿಕೆಯ ವಿರುದ್ಧ ಹೊರಟು, ಕಡೆಗೆ ಸರ್ಕಾರವನ್ನೇ ಉರುಳಿಸಿದ ಆ ಹಳೆಯ ಮೆರವಣಿಗೆಗೆ ಹಿಂದಿನ ಸಾಲೆಂಬುದೇ ಇರಲಿಲ್ಲವೆಂದು ತೋರುತ್ತಿತ್ತು.

“ನಮ್ಮಪ್ಪನನ್ನ ನೋಡಿದ ನೆನಪಿದೆಯಾ ಸರ್?” ಎಂದು ಅವಳು ಭಾವಚಿತ್ರ ಮುಂದೆ ಹಿಡಿದಳು.

ಉಪನ್ಯಾಸಕರು ಅದನ್ನು ದೂರ ಹಿಡಿದು, ಹತ್ತಿರ ಹಿಡಿದು ನೋಡಿದರು. “ಇಲ್ಲಮ್ಮ. ನನ್ನ ಮುಂದೆ ಯಾರೂ ಇರಲಿಲ್ಲವಲ್ಲ.”

ಸೇತುವೆಯ ಬಳಿ ಸ್ಮಾರಕದ ಕಲ್ಲು ನಿಲ್ಲುವುದಿತ್ತು. ಅದರ ಮೇಲೆ ಅಪ್ಪನ ಹೆಸರೂ ಇರಬೇಕೆಂದೇ ಅವಳು ಈ ಸಾಕ್ಷ್ಯಚಿತ್ರಕ್ಕೆ ಕೈ ಹಾಕಿದ್ದು. ಮೆರವಣಿಗೆಯ ರಾತ್ರಿಯೇ ಪೊಲೀಸರು ಅಪ್ಪನನ್ನು ಹಿಡಿದೊಯ್ದಿದ್ದರು. ಮರಳಿ ಬಂದವನು ಆ ಬಗ್ಗೆ ತುಟಿ ಬಿಚ್ಚದೆಯೇ ತೀರಿಕೊಂಡ. ಸ್ಮಾರಕ ಸಮಿತಿ ಜಗ್ಗಲಿಲ್ಲ. ಹಿಡಿದೊಯ್ಯಲು ನೂರು ಕಾರಣಗಳಿರುತ್ತವೆ, ಮೆರವಣಿಗೆಯಲ್ಲಿ ಕಣ್ಣಾರೆ ಕಂಡವರೊಬ್ಬರನ್ನು ಕರೆತನ್ನಿ ಎಂದಿತು. ತಾಯಿಯನ್ನು ಕೇಳಿದರೆ “ಆ ಸುದ್ದಿ ಬಿಡೇ” ಎಂದು ಎದ್ದು ಹೋಗುತ್ತಿದ್ದಳು.

ಆಗ ಬಂದವನು ಒಬ್ಬ ಮುದುಕ. ಪತ್ರಿಕೆಯಲ್ಲಿ ಸಾಕ್ಷಿಗಳು ಬೇಕೆಂಬ ಪ್ರಕಟಣೆ ನೋಡಿದೆ ಎಂದ. ಇಷ್ಟೆಲ್ಲ ನೆನಪಿಟ್ಟುಕೊಂಡು ಕೂತಿದ್ದೇನೆ, ಒಂದು ಕಾಲಕ್ಕೆ ಕೇಳುವವರಿದ್ದರು, ಈಗ ಯಾರೂ ಇಲ್ಲ ಎಂದು ಕೊರಗಿದ. ತಾನು ಮುಂದಿನ ಸಾಲಿನಲ್ಲಿರಲಿಲ್ಲ ಎಂದ ಮೊದಲಿಗ ಅವನೇ. ಅಷ್ಟಕ್ಕೇ ಅವಳಿಗೆ ಗೌರವ ಹುಟ್ಟಿತು. ಹೆಸರು ಬೇಡ, ಮುಖ ಕಾಣಬಾರದು ಎಂದಾಗ ಅದು ಇಮ್ಮಡಿಸಿತು. ಕಿಟಕಿಗೆ ಬೆನ್ನು ಮಾಡಿ ಕೂರಿಸಿ, ಅವನ ಕಪ್ಪು ಆಕೃತಿಯನ್ನಷ್ಟೇ ಚಿತ್ರಿಸಿಕೊಂಡಳು.

ಉಳಿದವರಿಗೆ ನೆನಪಿದ್ದದ್ದು ತಾವು ಮಾತ್ರ. ಇವನಿಗೆ ಎಲ್ಲರೂ ನೆನಪಿದ್ದರು. ದರ್ಜಿ ಸೇರಿಕೊಂಡದ್ದು ಅರ್ಧ ದಾರಿಯಲ್ಲಿ. ವಕೀಲರು ಲಾಠಿ ಕಾಣುತ್ತಲೇ ಔಷಧಿ ಅಂಗಡಿಗೆ ನುಗ್ಗಿ ಕೆಮ್ಮಿನ ಸಿರಪ್ಪು ಕೊಂಡರು. ಉಪನ್ಯಾಸಕರು ಬರಲೇ ಇಲ್ಲ. ಭಾವಚಿತ್ರ ಕಂಡದ್ದೇ ಮುದುಕನ ದನಿ ಚುರುಕಾಯಿತು.

“ಇವನಾ! ಚಪ್ಪಲಿ ಕಿತ್ತುಹೋಗಿತ್ತು, ಕೈಯಲ್ಲಿ ಹಿಡ್ಕೊಂಡೇ ಘೋಷಣೆ ಕೂಗ್ತಿದ್ದ. ಗಲಾಟೆ ಆದ್ಮೇಲೆ ಮನೆಗೆ ಹೋಗ್ಲಿಲ್ಲ. ಬೇಕರಿ ಹಿಂದಿನ ಓಣಿ, ನೀಲಿ ಬಾಗಿಲು. ಹೀಗೆ ತಟ್ಟಿದ.” ಕುರ್ಚಿಯ ತೋಳಿನ ಮೇಲೆ ಎರಡು ಸಲ ತಟ್ಟಿ, ತುಸು ತಡೆದು, ಮತ್ತೊಮ್ಮೆ ತಟ್ಟಿದ.

ಅವಳು ಕುರ್ಚಿ ಮುಂದಕ್ಕೆಳೆದುಕೊಂಡಳು. “ಅಲ್ಲಿವರೆಗೂ ಜೊತೇಲಿದ್ರಾ?”

“ಅಂಥವನನ್ನ ನಡುದಾರೀಲಿ ಬಿಡೋಕಾಗುತ್ತೇನಮ್ಮ?” ಎಂದ ಮುದುಕ. ಆಮೇಲೆ, “ನಿಮ್ಮ ತಾಯಿ ಏನಂತಾರೆ?”

“ಏನೂ ಹೇಳಲ್ಲ.”

“ವಯಸ್ಸಾದವರು. ಕೆದಕೋಕೆ ಹೋಗ್ಬೇಡ.”

ಈ ಮುದುಕ ಯಾರೆಂದು ಸಮಿತಿಯಲ್ಲಿ ಒಬ್ಬರಿಗೂ ನೆನಪಿರಲಿಲ್ಲ. ಆದರೂ ಸಾಕ್ಷ್ಯವನ್ನು ಒಪ್ಪಿಕೊಂಡರು. ಕೆಮ್ಮಿನ ಸಿರಪ್ಪನ್ನೂ ಉಪನ್ಯಾಸಕರ ಗೈರುಹಾಜರಿಯನ್ನೂ ಕತ್ತರಿಸಬೇಕೆಂಬುದೊಂದೇ ಷರತ್ತು. ಸತ್ಯಕ್ಕೆ ಒಂದಿಷ್ಟು ಸಂಕಲನ ಬೇಕಾಗುತ್ತದೆಂದು ಸಮಾಧಾನ ಹೇಳಿಕೊಂಡು ಅವಳು ಕತ್ತರಿಸಿದಳು. ಅಪ್ಪನ ಹೆಸರು ಕಲ್ಲೇರಿತು.

ಮೊದಲ ಪ್ರದರ್ಶನದಂದು ಸಭಾಂಗಣದ ಮುಂದಿನ ಸಾಲಿಗೆ ನೂಕುನುಗ್ಗಲು. ಮುದುಕ ಮಾತ್ರ ಕಟ್ಟಕಡೆಯಲ್ಲಿ, ಬಾಗಿಲ ಪಕ್ಕ, ಎಲ್ಲರೂ ಕಾಣುವಂತೆ ಕುಳಿತ. ತಾಯಿಯನ್ನು ಅವಳು ಬಲವಂತ ಮಾಡಿ ಕರೆತಂದಿದ್ದಳು. ದೀಪ ಆರಿತು. ಚಿತ್ರ ತೆರೆದುಕೊಂಡದ್ದೇ ಆ ತಟ್ಟುವ ಸದ್ದಿನಿಂದ: ಎರಡು, ತಡೆ, ಒಂದು. ಅದಕ್ಕಿಂತ ಒಳ್ಳೆಯ ಶೀರ್ಷಿಕೆ ಸಂಗೀತ ಅವಳಿಗೆ ಸಿಕ್ಕಿರಲಿಲ್ಲ. ತಾಯಿ ಅವಳ ಮಣಿಕಟ್ಟು ಹಿಡಿದವಳು ಕೊನೆಯವರೆಗೂ ಬಿಡಲಿಲ್ಲ.

‘ಎಲ್ಲರನ್ನೂ ನೆನಪಿಟ್ಟುಕೊಂಡವರಿಗೆ’ ಎಂಬ ಅರ್ಪಣೆ ತೆರೆಯ ಮೇಲೆ ಮೂಡಿತು. ಆ ಕಪ್ಪು ಆಕೃತಿ ಮುದುಕನದೇ ಎಂದು ಅಷ್ಟರಲ್ಲಾಗಲೇ ಸಮಿತಿಯವರಿಂದ ಎಲ್ಲರಿಗೂ ತಿಳಿದಿತ್ತು. ಸಭೆ ಎದ್ದು, ಹಿಂದೆ ತಿರುಗಿ, ಅವನಿಗೆ ಚಪ್ಪಾಳೆ ತಟ್ಟಿತು. ತಾಯಿ ಏಳಲಿಲ್ಲ.

“ನೀಲಿ ಬಾಗಿಲು ನಿನ್ನ ದೊಡ್ಡಮ್ಮನ ಮನೇದು,” ಎಂದಳು. “ಒಳಗೆ ನಾನಿದ್ದೆ. ಹಾಗೆ ತಟ್ಟೋದು ನಮ್ಮ ಮನೆಯವರಿಗೆ ಬಿಟ್ಟರೆ ಇನ್ಯಾರಿಗೂ ಗೊತ್ತಿರ್ಲಿಲ್ಲ.”

“ಅವರು ಅಪ್ಪನ ಜೊತೇಲಿ ಬಂದಿದ್ರಲ್ಲಮ್ಮ.”

“ನಿಮ್ಮಪ್ಪ ಬಂದಿದ್ದು ಒಬ್ಬರೇ.” ಚಪ್ಪಾಳೆ ಇನ್ನೂ ನಿಂತಿರಲಿಲ್ಲ. “ಸ್ವಲ್ಪ ಹೊತ್ತಿಗೆ ಪೊಲೀಸರೂ ಹೀಗೇ ತಟ್ಟಿದ್ರು. ಅದಕ್ಕೇ ನಾನು ಬಾಗಿಲು ತೆಗೆದೆ.”